ಗೆಲ್ಲಲೇಬೇಕಾದವನು ಸೋಲಲು ಕಲಿತ ಬಗೆ
ಡ್ರ್ಯಾಗನ್ ಬಾಲ್ ಸರಣಿಯ ನಾಯಕ ಗೋಕು ವಿಡಿಯೊ ಗೇಮ್‌ಗಳಲ್ಲಿ ಪಡೆದ ಹಲವು ಜನ್ಮಗಳ ಕಥೆ

ಟಿವಿಯ ಮುಂದೆ ಚಾಪೆ ಹಾಸಿಕೊಂಡು ಕೂತ ಇಬ್ಬರು ಹುಡುಗರು. ಕೈಯಲ್ಲಿ ಒಂದೊಂದು ಕಂಟ್ರೋಲರ್. ಪರದೆಯ ತುಂಬ ಪುಟ್ಟ ಪುಟ್ಟ ಚೌಕಗಳು, ಚೌಕಕ್ಕೊಂದು ಮುಖ. ಒಬ್ಬನ ಗುರುತು ನೆಟ್ಟಗೆ ಹೋಗಿ ಮುಳ್ಳುಗೂದಲಿನ, ಕಿತ್ತಳೆ ಬಟ್ಟೆಯ ಮುಖದ ಮೇಲೆ ನಿಲ್ಲುತ್ತದೆ. ‘ಅವನು ನಂಗೆ ಬೇಕು ಕಣೋ’ ಎಂದು ಇನ್ನೊಬ್ಬ ಜಗಳ ತೆಗೆಯುತ್ತಾನೆ. ಕೊನೆಗೆ ಇಬ್ಬರೂ ಅವನನ್ನೇ ಆರಿಸುತ್ತಾರೆ. ಆಟಕ್ಕೇನೂ ತಕರಾರಿಲ್ಲ. ಒಬ್ಬನ ಬಟ್ಟೆಗೆ ಬೇರೆ ಬಣ್ಣ ಬಳಿದು ಇಬ್ಬರನ್ನೂ ಕಣಕ್ಕಿಳಿಸುತ್ತದೆ. ಒಸಾಕಾ, ಪ್ಯಾರಿಸ್, ಮೆಕ್ಸಿಕೊ ಸಿಟಿ, ಬೆಂಗಳೂರು, ಎಲ್ಲಿ ಬೇಕಾದರೂ ನಡೆಯಬಹುದಾದ ದೃಶ್ಯ ಇದು.

ಎರಡು ನಿಮಿಷ ಕಳೆಯುವಷ್ಟರಲ್ಲಿ ಒಬ್ಬ ಗೋಕು ನೆಲಕ್ಕೆ ಬಿದ್ದಿರುತ್ತಾನೆ. ಬೀಳಿಸಿದವನೂ ಗೋಕುವೇ.

ಟಿವಿ ಸರಣಿಯಲ್ಲಿ ಎಷ್ಟು ಪೆಟ್ಟು ತಿಂದರೂ ಕೊನೆಗೆ ಗೋಕು ಗೆಲ್ಲಲೇಬೇಕು, ನೋಡುವವರು ಕಾದು ಕೂರುವುದೇ ಅದಕ್ಕೆ. ಆಟದ ಧರ್ಮ ಬೇರೆ. ಸೋಲುವ ಸಾಧ್ಯತೆ ಇಲ್ಲದಿದ್ದರೆ ಅದು ಆಟವೇ ಅಲ್ಲ. ಎಲ್ಲರಿಗಿಂತ ಬಲಶಾಲಿ ಎಂದೇ ಹೆಸರಾದವನನ್ನು ಯಾರು ಬೇಕಾದರೂ ಸೋಲಿಸಬಹುದಾದ ಆಟದೊಳಗೆ ಕೂರಿಸುವುದು ಹೇಗೆ? 1986ರಿಂದ ಇಂದಿನವರೆಗೆ ಬಂದ ಡ್ರ್ಯಾಗನ್ ಬಾಲ್ ಆಟಗಳೆಲ್ಲ ಈ ಒಂದು ಪ್ರಶ್ನೆಗೆ ಕೊಟ್ಟ ಬೇರೆ ಬೇರೆ ಉತ್ತರಗಳು.

ಬಾಲವಿದ್ದ ಹುಡುಗ

ಗೋಕು ಹುಟ್ಟಿದ್ದು ಜಪಾನಿನ ಚಿತ್ರಕಾರ ಅಕಿರಾ ತೊರಿಯಾಮಾ ಅವರ ಲೇಖನಿಯಲ್ಲಿ. 1984ರ ಕೊನೆಗೆ ‘ವೀಕ್ಲಿ ಶೋನೆನ್ ಜಂಪ್’ ಎಂಬ ವಾರಪತ್ರಿಕೆಯಲ್ಲಿ ಶುರುವಾದ ಚಿತ್ರಕಥೆ 1995ರವರೆಗೆ ನಡೆದು 519 ಅಧ್ಯಾಯಗಳ, 42 ಸಂಪುಟಗಳ ದೊಡ್ಡ ಕೃತಿಯಾಯಿತು. ತೋಯೆ ಆ್ಯನಿಮೇಷನ್ ಸಂಸ್ಥೆ 1986ರ ಫೆಬ್ರುವರಿಯಲ್ಲಿ ಅದನ್ನು ಟಿವಿಗೆ ತಂದಿತು. ಮೊದಲ ಸರಣಿ 153 ಕಂತು ಓಡಿತು. 1989ರಲ್ಲಿ ಶುರುವಾದ ‘ಡ್ರ್ಯಾಗನ್ ಬಾಲ್ ಝೀ’ 291 ಕಂತು ಓಡಿತು. ನಮ್ಮಲ್ಲಿ ಎರಡು ಸಾವಿರದ ದಶಕದ ಆರಂಭದಲ್ಲಿ ಶಾಲೆಗೆ ಹೋಗುತ್ತಿದ್ದವರು ಅವನನ್ನು ಕಂಡದ್ದು ಕಾರ್ಟೂನ್ ನೆಟ್‌ವರ್ಕ್ ವಾಹಿನಿಯಲ್ಲಿ.

ಗೋಕುವಿನ ಮೂಲ ಚೀನಾದ ಹಳೆಯ ಕಾದಂಬರಿ ‘ಪಶ್ಚಿಮ ಯಾತ್ರೆ’ಯ ವಾನರ ವೀರ ಸುನ್ ವುಕಾಂಗ್. ಬೇಕಾದಷ್ಟು ಉದ್ದವಾಗುವ ದಂಡ, ಏರಿ ಹಾರಲು ಒಂದು ಮೋಡ, ಬೆನ್ನ ಹಿಂದೆ ಬಾಲ, ಎಲ್ಲವೂ ಅಲ್ಲಿಂದಲೇ ಬಂದವು. ಓದುವಾಗ ನಮಗೆ ಹನುಮಂತ ನೆನಪಾದರೆ ಅದಕ್ಕೂ ಆಧಾರವಿದೆ. ಆ ವಾನರನ ಹಿಂದೆ ಹನುಮಂತನೇ ಇರಬಹುದು ಎಂದು ಚೀನೀ ವಿದ್ವಾಂಸ ಹು ಶಿ ವಾದಿಸಿದರು, ಸಾಹಿತಿ ಲು ಶುನ್ ಅದನ್ನು ಒಪ್ಪಲಿಲ್ಲ. ಆ ಚರ್ಚೆ ಇಂದಿಗೂ ಮುಗಿದಿಲ್ಲ.

ಆಟ ಕಟ್ಟುವವರ ಕಣ್ಣಿನಿಂದ ನೋಡಿದರೆ ಗೋಕು ತೊಂದರೆ ಕೊಡುವ ನಾಯಕ. ಏಕೆಂದರೆ ಅವನು ಬೆಳೆಯುತ್ತಾನೆ. ಕಾಡಿನ ಹುಡುಗನಾಗಿ ಶುರುವಾಗಿ ಮದುವೆಯಾಗುತ್ತಾನೆ, ಅಪ್ಪನಾಗುತ್ತಾನೆ, ಅಜ್ಜನೂ ಆಗುತ್ತಾನೆ. ನಡುವೆ ಎರಡು ಸಲ ಸಾಯುತ್ತಾನೆ. ತಾನು ಬೇರೆ ಗ್ರಹದ ಸೈಯಾನ್ ಕುಲದವನೆಂದು ತಿಳಿಯುತ್ತಾನೆ, ಕೂದಲು ಹೊನ್ನಿನ ಬಣ್ಣಕ್ಕೆ ತಿರುಗಿ ‘ಸೂಪರ್ ಸೈಯಾನ್’ ಆಗುತ್ತಾನೆ, ಅದನ್ನೂ ಮೀರಿದ ರೂಪಗಳನ್ನು ಒಂದೊಂದಾಗಿ ತಾಳುತ್ತಾನೆ. ಮಾರಿಯೊನಂಥ ನಾಯಕ ಎಲ್ಲ ಆಟಗಳಲ್ಲೂ ಹೆಚ್ಚುಕಡಿಮೆ ಅದೇ ಮಾರಿಯೊ. ಗೋಕುವಿನ ಆಟ ಮಾಡಹೊರಟರೆ ‘ಯಾವ ಗೋಕು?’ ಎಂದು ಮೊದಲು ಕೇಳಬೇಕು.

ಹಸಿವಿನ ಆಟ, ಕಾರ್ಡಿನ ಆಟ

ಟಿವಿ ಸರಣಿ ಶುರುವಾದ ವರ್ಷವೇ ಆಟಗಳೂ ಬಂದವು. ಅವುಗಳಲ್ಲಿ ಹೆಸರು ಮಾಡಿದ್ದು 1986ರ ನವೆಂಬರಿನಲ್ಲಿ ನಿಂಟೆಂಡೊದ ಫ್ಯಾಮಿಕಾಮ್ ಯಂತ್ರಕ್ಕೆ ಬಂಡಾಯ್ ಕಂಪನಿ ತಂದ ‘ಶೆನ್‌ಲಾಂಗ್ ನೊ ನಾಜೊ’. ಆ ಕಾಲದ ಯಂತ್ರದಲ್ಲಿ ಆಕಾಶ ಸೀಳುವ ಕಾಳಗ ತೋರಿಸಲು ಆಗುತ್ತಿರಲಿಲ್ಲ. ಪುಟ್ಟ ಗೋಕು ಮೇಲಿನಿಂದ ಕಾಣುವ ಬಯಲಲ್ಲಿ ಓಡಾಡುತ್ತ ಗುದ್ದುತ್ತಾನೆ, ದಂಡ ಬೀಸುತ್ತಾನೆ. ಹೊತ್ತು ಕಳೆದಂತೆಲ್ಲ ಅವನ ಬಲ ತಾನಾಗಿ ಕುಗ್ಗುತ್ತದೆ. ಏನಾದರೂ ತಿನ್ನಿಸದಿದ್ದರೆ ಆಟ ಮುಗಿಯಿತು. ಗೋಕು ಎಂಥ ಹೊಟ್ಟೆಬಾಕ ಎಂದು ಸರಣಿ ನೋಡಿದವರಿಗೆಲ್ಲ ಗೊತ್ತು. ಆ ಗುಣವನ್ನೇ ಆಟದ ನಿಯಮವಾಗಿಸಿದ್ದು ಜಾಣ ಉಪಾಯ. ವೈರಿಗೆ ಮಣಿಯದವನನ್ನು ಹಸಿವು ಮಣಿಸುತ್ತದೆ.

ಇದೇ ಆಟ 1988ರಲ್ಲಿ ‘ಡ್ರ್ಯಾಗನ್ ಪವರ್’ ಎಂಬ ಹೆಸರಿನಲ್ಲಿ ಅಮೆರಿಕಕ್ಕೆ ಹೋಯಿತು. ಅಲ್ಲಿ ಆಗ ಸರಣಿಯ ಗುರುತೇ ಜನರಿಗಿರಲಿಲ್ಲ. ಹಾಗಾಗಿ ಗೋಕುವಿನ ಮುಖವನ್ನು ಕೋತಿಯ ಹೋಲಿಕೆ ಬರುವಂತೆ ತಿದ್ದಿದರು. ಅವನ ಗೆಳತಿ ಬುಲ್ಮಾ ‘ನೋರಾ’ ಆದಳು. ಮುದಿ ಗುರು ಪೋಲಿತನದಿಂದ ಕೇಳುವ ಒಳಉಡುಪಿನ ಜಾಗದಲ್ಲಿ ಸ್ಯಾಂಡ್‌ವಿಚ್ ಬಂತು. ಆಡಿದ ಅಮೆರಿಕದ ಮಕ್ಕಳಿಗೆ ತಾವು ಯಾರ ಕೈಹಿಡಿದು ನಡೆಸುತ್ತಿದ್ದೇವೆಂಬುದು ತಿಳಿಯಲೇ ಇಲ್ಲ.

ಜಪಾನಿನಲ್ಲಿ ಮುಂದೆ ಬಂದ ಆಟಗಳು ಕಾರ್ಡಿನ ದಾರಿ ಹಿಡಿದವು. 1988ರ ‘ದೈಮಾವೊ ಫುಕ್ಕತ್ಸು’, 1990ರ ‘ಕ್ಯೋಶೂ ಸೈಯಾನ್’ ಮುಂತಾದವುಗಳಲ್ಲಿ ಆಟಗಾರ ಕೈಯಲ್ಲಿರುವ ಕೆಲವು ಕಾರ್ಡುಗಳಿಂದ ಒಂದನ್ನು ಎಸೆಯಬೇಕು. ಒಂದೊಂದು ಕಾರ್ಡಿನಲ್ಲೂ ಏಟಿಗೊಂದು ಬೆಲೆ, ತಡೆಗೊಂದು ಬೆಲೆ. ಎದುರಾಳಿಯ ಕಾರ್ಡು ಮೇಲಾದರೆ ಗೋಕುವಿಗೆ ಪೆಟ್ಟು. ಯಂತ್ರಕ್ಕೆ ಚುರುಕಾದ ಹೊಡೆದಾಟ ತೋರಿಸುವ ಶಕ್ತಿ ಇಲ್ಲದಾಗ ಹುಟ್ಟಿದ ಈ ಕ್ರಮ, ಅದೃಷ್ಟಕ್ಕೂ ಲೆಕ್ಕಾಚಾರಕ್ಕೂ ಸಮಪಾಲು ಕೊಟ್ಟಿತು. ಬಲಶಾಲಿ ಗೋಕು ಸೋತರೂ ಅದು ಕೈಗೆ ಬಂದ ಕಾರ್ಡಿನ ತಪ್ಪು, ಅವನ ಮಾನಕ್ಕೆ ಕುಂದಿಲ್ಲ.

ಪರದೆ ಎರಡಾದ ಕ್ಷಣ

1993ರಲ್ಲಿ ಸೂಪರ್ ಫ್ಯಾಮಿಕಾಮ್ ಯಂತ್ರಕ್ಕೆ ‘ಸೂಪರ್ ಬುತೋದೆನ್’ ಬಂತು. ಆ ಹೊತ್ತಿಗೆ ಎದುರುಬದುರು ನಿಂತು ಹೊಡೆದಾಡುವ ಆಟಗಳ ಹುಚ್ಚು ಲೋಕಕ್ಕೇ ಹಿಡಿದಿತ್ತು. ಆದರೆ ಗೋಕು ನೆಲದ ಮೇಲೆ ನಿಂತು ಗುದ್ದಾಡುವವನಲ್ಲ. ಮೈಲಿ ದೂರ ಹಾರಿ, ಎರಡು ಅಂಗೈ ಜೋಡಿಸಿ, ‘ಕಾಮೆಹಾಮೆಹಾ’ ಎಂದು ಬೆಳಕಿನ ಹೊಳೆ ಹರಿಸುವವನು.

ಅದಕ್ಕೆ ಕಂಡುಕೊಂಡ ದಾರಿ ಸರಳ. ಇಬ್ಬರೂ ದೂರವಾದೊಡನೆ ಪರದೆ ನಡುವೆ ಗೆರೆ ಬಿದ್ದು ಎರಡು ಭಾಗವಾಗುತ್ತದೆ. ಆ ಭಾಗದಲ್ಲಿ ನೀವು, ಈ ಭಾಗದಲ್ಲಿ ನಾನು. ಮಧ್ಯೆ ಎಷ್ಟು ದೂರವಿದೆ ಎಂಬುದು ಮನಸ್ಸಿಗೆ ಬಿಟ್ಟದ್ದು. ಅಲ್ಲಿಂದ ಹೊರಟ ಬೆಳಕು ಇಲ್ಲಿಗೆ ತಲುಪುವಷ್ಟರಲ್ಲಿ ತಪ್ಪಿಸಿಕೊಳ್ಳಬಹುದು, ತಡೆಯಬಹುದು, ಎದುರು ಬೆಳಕು ಬಿಡಬಹುದು. ಕೊನೆಯ ಗಳಿಗೆಯಲ್ಲೂ ಬಚಾವಾಗಲು ಒಂದು ಕಿಂಡಿ ಇಟ್ಟಿದ್ದರಿಂದ ಗೋಕುವಿನ ಮಹಾಸ್ತ್ರವೂ ನ್ಯಾಯದ ಚೌಕಟ್ಟಿಗೆ ಒಳಪಟ್ಟಿತು.

ಅದೇ ವರ್ಷದ ಡಿಸೆಂಬರಿನಲ್ಲಿ ಬಂದ ಎರಡನೆಯ ಭಾಗದಲ್ಲಿ ಇನ್ನೊಂದು ಅಚ್ಚರಿ ಇತ್ತು. ಆರಿಸಿಕೊಳ್ಳುವ ಮುಖಗಳ ಸಾಲಿನಲ್ಲಿ ಗೋಕುವೇ ಇರಲಿಲ್ಲ! ಕಥೆಯಲ್ಲಿ ಆಗ ನಾಯಕಪಟ್ಟ ಮಗ ಗೊಹಾನ್ ಕಡೆಗೆ ವಾಲಿತ್ತು. ಗುಟ್ಟಿನ ಗುಂಡಿಗಳನ್ನು ಸರಿಯಾದ ಕ್ರಮದಲ್ಲಿ ಒತ್ತಿದವರಿಗೆ ಮಾತ್ರ ಅಪ್ಪ ಕಾಣಿಸಿಕೊಳ್ಳುತ್ತಿದ್ದ. ಇಂಟರ್ನೆಟ್ ಮನೆಮನೆಗೆ ಬಾರದ ದಿನಗಳವು. ಇಂಥ ಗುಟ್ಟುಗಳು ಪತ್ರಿಕೆಗಳಿಂದ, ಶಾಲೆಯಂಗಳದ ಪಿಸುಮಾತಿನಿಂದ ಹರಡುತ್ತಿದ್ದವು.

ಸಾಗರದಾಚೆಯ ಮರುಹುಟ್ಟು

ಟಿವಿಯಲ್ಲಿ ‘ಡ್ರ್ಯಾಗನ್ ಬಾಲ್ ಜಿಟಿ’ 1997ರಲ್ಲಿ ಮುಗಿದ ಮೇಲೆ ಜಪಾನಿನಲ್ಲಿ ಆಟಗಳ ಹರಿವೂ ತಗ್ಗಿತು. ಆದರೆ ಸರಣಿ ಅಮೆರಿಕದಲ್ಲಿ ಆಗಷ್ಟೇ ಬಿಸಿಯೇರುತ್ತಿತ್ತು. 1998ರಿಂದ ಸಂಜೆ ಹೊತ್ತಿಗೆ ಅಲ್ಲಿನ ಮಕ್ಕಳು ಟಿವಿಗೆ ಅಂಟಿಕೊಂಡಿದ್ದರು. ಹೀಗಾಗಿ ಗೋಕುವಿನ ಎರಡನೆಯ ಇನ್ನಿಂಗ್ಸ್ ಶುರುವಾಗಿದ್ದು ತವರಿನಿಂದ ಹೊರಗೆ. 2002ರಲ್ಲಿ ಗೇಮ್ ಬಾಯ್ ಅಡ್ವಾನ್ಸ್‌ಗೆ ಬಂದ ‘ದಿ ಲೆಗಸಿ ಆಫ್ ಗೋಕು’ ತಯಾರಾಗಿದ್ದು ಅಮೆರಿಕದಲ್ಲೇ. ಅದೇ ವರ್ಷದ ಕೊನೆಗೆ ಪ್ಲೇಸ್ಟೇಷನ್ 2ಕ್ಕೆ ಬಂದ ‘ಬುದೊಕಾಯ್’ ಅನ್ನು ಕಟ್ಟಿದ್ದು ಜಪಾನಿನ ಡಿಂಪ್ಸ್ ಸಂಸ್ಥೆ. ಆದರೂ ಅದು ಮೊದಲು ಬಿಡುಗಡೆಯಾದದ್ದು ಯುರೋಪ್, ಅಮೆರಿಕಗಳಲ್ಲಿ. ಜಪಾನೀಯರ ಕೈಗೆ ಸಿಕ್ಕಿದ್ದು ಮರುವರ್ಷ.

2005ರಲ್ಲಿ ಸ್ಪೈಕ್ ಸಂಸ್ಥೆಯ ‘ಬುದೊಕಾಯ್ ತೆಂಕಾಯ್ಚಿ’ ಇನ್ನೂ ಮುಂದೆ ಹೋಯಿತು. ಕ್ಯಾಮೆರಾವನ್ನು ಗೋಕುವಿನ ಬೆನ್ನ ಹಿಂದೆ ಇಟ್ಟು, ನಾಲ್ಕೂ ದಿಕ್ಕಿಗೆ ಹಾರಲು ಬಿಟ್ಟಿತು. ಎದುರಾಳಿಯನ್ನು ಬೆಟ್ಟಕ್ಕೆ ಅಪ್ಪಳಿಸಿ, ಬೆಟ್ಟವೇ ಪುಡಿಯಾಗುವುದನ್ನು ನೋಡಬಹುದಿತ್ತು. 2007ರ ಮೂರನೆಯ ಭಾಗದ ಹೊತ್ತಿಗೆ ಪಾತ್ರ, ರೂಪಗಳೆಲ್ಲ ಸೇರಿ 161 ಆದವು. ಅಭಿಮಾನಿಗಳು ಆ ಆಟವನ್ನು ಇಂದಿಗೂ ಪ್ರೀತಿಯಿಂದ ನೆನೆಯುತ್ತಾರೆ.

ಒಬ್ಬನೇ ಗೋಕು, ಹಲವು ಗೋಕುಗಳು

‘ಯಾವ ಗೋಕು?’ ಎಂಬ ಪ್ರಶ್ನೆಗೆ ತೆಂಕಾಯ್ಚಿ ಆಟಗಳು ಕೊಟ್ಟ ಉತ್ತರ: ‘ಎಲ್ಲ ಗೋಕುಗಳೂ’. ಮೂರನೆಯ ಭಾಗದಲ್ಲಿ ಬಾಲಕ ಗೋಕು ಬೇರೆ, ಝೀ ಆರಂಭದ ಗೋಕು ಬೇರೆ, ನಡುವಿನವನು ಬೇರೆ, ಕೊನೆಯವನು ಬೇರೆ, ಜಿಟಿ ಗೋಕು ಬೇರೆ. ಒಬ್ಬನ ಬದುಕನ್ನು ಘಟ್ಟಘಟ್ಟವಾಗಿ ಕತ್ತರಿಸಿ ಪ್ರತಿ ಘಟ್ಟಕ್ಕೂ ಅದರದೇ ವರಸೆ, ಅದರದೇ ಮಿತಿ ಕೊಟ್ಟರು. ಬಾಲಕ ಗೋಕುವಿಗೆ ಮುಂದೆ ಬರುವ ರೂಪಗಳಿಲ್ಲ, ಕೊನೆಯ ಗೋಕುವಿಗೆ ಅವು ಉಂಟು.

2024ರ ಅಕ್ಟೋಬರಿನಲ್ಲಿ ಬಂದ ‘ಸ್ಪಾರ್ಕಿಂಗ್! ಝೀರೊ’ ಈ ಸಾಲಿನ ಹೊಸ ಕುಡಿ. ಬಿಡುಗಡೆಯ ಹೊತ್ತಿಗೆ 182 ಪಾತ್ರಗಳಿದ್ದವು. ಮೊದಲ 24 ಗಂಟೆಗಳಲ್ಲಿ 30 ಲಕ್ಷಕ್ಕೂ ಹೆಚ್ಚು ಪ್ರತಿಗಳು ಹೋದವೆಂದು ಬಂಡಾಯ್ ನಾಮ್ಕೊ ಕಂಪನಿ ಘೋಷಿಸಿತು. ಇಲ್ಲಿ ಬಲಶಾಲಿಗಳನ್ನು ಬಲಶಾಲಿಗಳಾಗಿಯೇ, ದುರ್ಬಲರನ್ನು ದುರ್ಬಲರಾಗಿಯೇ ಉಳಿಸಿದ್ದಾರೆ. ಸಮತೋಲ ತರುವುದು ಅಂಕದ ಲೆಕ್ಕ. ಒಂದು ಬಗೆಯ ಪಂದ್ಯದಲ್ಲಿ ತಂಡ ಕಟ್ಟಲು 15 ಅಂಕ ಸಿಗುತ್ತದೆ, ಪ್ರತಿ ಪಾತ್ರಕ್ಕೂ ಅದರ ಬಲಕ್ಕೆ ತಕ್ಕ ಬೆಲೆ ಇರುತ್ತದೆ. ಮಹಾರೂಪದ ಗೋಕುವನ್ನು ತಂದರೆ ಜೊತೆಗಾರರು ಕಡಿಮೆಯಾಗುತ್ತಾರೆ, ಎಳೆಯ ಗೋಕುವನ್ನು ತಂದರೆ ಇನ್ನಷ್ಟು ಜನಕ್ಕೆ ಜಾಗ ಉಳಿಯುತ್ತದೆ.

2018ರ ‘ಡ್ರ್ಯಾಗನ್ ಬಾಲ್ ಫೈಟರ್‌ಝೀ’ ಹಿಡಿದದ್ದು ಇದಕ್ಕೆ ತದ್ವಿರುದ್ಧ ದಾರಿ. ಆರ್ಕ್ ಸಿಸ್ಟಂ ವರ್ಕ್ಸ್ ಕಟ್ಟಿದ ಈ ಆಟ ಸ್ಪರ್ಧೆಗೆಂದೇ ಮಾಡಿದಂತಿದೆ. ಮೂವರ ತಂಡದ ಎದುರು ಮೂವರ ತಂಡ. ಇಲ್ಲಿ ಗೆಳೆಯ ಕ್ರಿಲಿನ್ ಕೂಡ ದೇವರಂಥ ವೈರಿಯನ್ನು ಕೆಡವಬಲ್ಲ. ಕಥೆಯ ಬಲಾಬಲ ಪಕ್ಕಕ್ಕಿಟ್ಟು ಪ್ರತಿಯೊಬ್ಬನಿಗೂ ಒಂದೊಂದು ಕಸುಬು ಕೊಟ್ಟಿದ್ದಾರೆ. ಒಬ್ಬ ದೂರದಿಂದ ಕಾಡುವವನು, ಇನ್ನೊಬ್ಬ ನುಗ್ಗಿ ಹೊಡೆಯುವವನು. ಹೊನ್ನಿನ ಕೂದಲಿನ ಗೋಕು, ನೀಲಿ ಕೂದಲಿನ ಗೋಕು, ಸಾಮಾನ್ಯ ಗೋಕು, ಜಿಟಿಯ ಪುಟ್ಟ ಗೋಕು, ‘ಅಲ್ಟ್ರಾ ಇನ್‌ಸ್ಟಿಂಕ್ಟ್’ ಗೋಕು ಇಲ್ಲಿ ಬೇರೆಬೇರೆ ಪಟುಗಳು. ಗೋಕುವಿನ ಮುಖ ಹೊತ್ತ ಖಳ ‘ಗೋಕು ಬ್ಲ್ಯಾಕ್’ ಕೂಡ ಇದ್ದಾನೆ.

ನಾಯಕ ಪಕ್ಕಕ್ಕೆ ಸರಿದಾಗ

ಕೆಲವು ಆಟಗಳು ಇನ್ನೂ ದಿಟ್ಟ ಉತ್ತರ ಕೊಟ್ಟವು. ಗೋಕುವಿನ ಕೈಯಿಂದ ನಾಯಕಪಟ್ಟವನ್ನೇ ತೆಗೆದುಕೊಂಡವು. 2010ರಲ್ಲಿ ದಕ್ಷಿಣ ಕೊರಿಯಾದಲ್ಲಿ ಶುರುವಾದ ‘ಡ್ರ್ಯಾಗನ್ ಬಾಲ್ ಆನ್‌ಲೈನ್’ ನಡೆಯುವುದು ಮೂಲ ಕಥೆ ಮುಗಿದು ಎರಡು ಶತಮಾನ ಕಳೆದ ಮೇಲೆ. ಅಲ್ಲಿ ಗೋಕು ಇತಿಹಾಸದ ಪುರುಷ. ಆಟಗಾರ ತನ್ನದೇ ಪಾತ್ರ ಮಾಡಿಕೊಂಡು ಆ ಲೋಕದಲ್ಲಿ ಬಾಳುತ್ತಾನೆ. 2013ರಲ್ಲಿ ಆ ಆಟ ಮುಚ್ಚಿಹೋಯಿತು, ಅದರ ಬೀಜ ಮಾತ್ರ ಉಳಿಯಿತು.

2015ರ ‘ಝೆನೋವರ್ಸ್’ನಲ್ಲಿ ಆ ಬೀಜ ಮೊಳೆಯಿತು. ಯಾರೋ ಕಾಲವನ್ನು ಕೆಡಿಸಿದ್ದಾರೆ, ನಡೆದ ಇತಿಹಾಸ ಬದಲಾಗುತ್ತಿದೆ, ಗೆಲ್ಲಬೇಕಾದ ಕಡೆ ಗೋಕು ಸೋಲುತ್ತಿದ್ದಾನೆ. ಆಟಗಾರ ಕಾಲದ ಕಾವಲುಗಾರನಾಗಿ ಹೋಗಿ ಅವನ ಪಕ್ಕ ನಿಂತು ಕಾದಾಡಬೇಕು. ಚಿಕ್ಕಂದಿನಲ್ಲಿ ಯಾರನ್ನು ಬಾಯಿ ಬಿಟ್ಟುಕೊಂಡು ನೋಡಿದ್ದೆವೋ ಅವನನ್ನೇ ಕಾಪಾಡುವ ಭಾಗ್ಯ ಇದು. ಅಭಿಮಾನಿಗೆ ಇದಕ್ಕಿಂತ ದೊಡ್ಡ ಉಡುಗೊರೆಯನ್ನು ಆಟವೊಂದು ಕೊಡಲಾರದು. 2016ರ ಎರಡನೆಯ ಭಾಗಕ್ಕೆ ವರ್ಷಗಳ ನಂತರವೂ ಹೊಸ ಪಾತ್ರಗಳು ಸೇರುತ್ತಲೇ ಬಂದದ್ದಕ್ಕೆ ಈ ಭಾವವೇ ಕಾರಣವಿರಬೇಕು.

ಮೀನು, ಊಟ, ಮಗ

2020ರ ಜನವರಿಯಲ್ಲಿ ಬಂದ ‘ಡ್ರ್ಯಾಗನ್ ಬಾಲ್ ಝೀ: ಕಾಕರೊಟ್’ ಕೇಳಿದ್ದು ಬೇರೆಯದೇ ಪ್ರಶ್ನೆ. ಹೊಡೆದಾಡದ ಹೊತ್ತಿನಲ್ಲಿ ಗೋಕು ಏನು ಮಾಡುತ್ತಾನೆ? ಇಲ್ಲಿ ಅವನು ನಕಲಿ ಬಾಲ ನೀರಿಗಿಳಿಸಿ ಮೀನು ಹಿಡಿಯುತ್ತಾನೆ, ಮಗನನ್ನು ಕರೆದುಕೊಂಡು ತಿರುಗುತ್ತಾನೆ, ಹೆಂಡತಿ ಚಿ-ಚಿ ಬಡಿಸಿದ ಊಟ ಮಾಡುತ್ತಾನೆ. ಆ ಊಟದಿಂದ ಬಲವೂ ಹೆಚ್ಚುತ್ತದೆ. 1986ರಲ್ಲಿ ಹಸಿವು ಅವನ ಶತ್ರುವಾಗಿತ್ತು, ಇಲ್ಲಿ ಊಟ ಅವನ ಮನೆಯಾಗಿದೆ. ಗೋಕು ಎಂದರೆ ಬರೀ ಮುಷ್ಟಿ ಎಂದುಕೊಂಡವರು ಆಡಬೇಕಾದ ಆಟ ಇದು.

ಕಥೆಯೇನೋ ಎಲ್ಲರಿಗೂ ಗೊತ್ತಿರುವುದೇ. ವೈರಿಯಾಗಿ ಅಣ್ಣ ರಾಡಿಟ್ಸ್ ಬರುತ್ತಾನೆ, ವೆಜೀಟಾ ಬರುತ್ತಾನೆ, ಫ್ರೀಝಾ ಬರುತ್ತಾನೆ. ಇದನ್ನೇ ಎಷ್ಟು ಆಟಗಳಲ್ಲಿ ಆಡಿಯಾಯಿತೋ! ಆದರೆ ಕರಾವಳಿಯಲ್ಲಿ ಅಭಿಮನ್ಯು ಕಾಳಗವನ್ನು ಬಾಯಿಪಾಠ ಬಲ್ಲವರೇ ಯಕ್ಷಗಾನಕ್ಕೆ ಹೋಗಿ ಬೆಳಗಿನವರೆಗೆ ಕೂರುವುದಿಲ್ಲವೆ? ಕಥೆ ಗೊತ್ತಿದ್ದವರಿಗೇ ಈ ಸಲದ ಕುಣಿತದ ಸೊಗಸು ಹೆಚ್ಚು ಸಿಗುವುದು. ‘ಸ್ಪಾರ್ಕಿಂಗ್! ಝೀರೊ’ ಒಂದು ಹೆಜ್ಜೆ ಮುಂದಿಟ್ಟು, ಕಥೆಯ ಕವಲುಗಳಲ್ಲಿ ಆಯ್ಕೆಯನ್ನೇ ನಮ್ಮ ಕೈಗೆ ಕೊಡುತ್ತದೆ. ರಾಡಿಟ್ಸ್ ವಿರುದ್ಧ ಹೋಗುವಾಗ ಹಳೆಯ ವೈರಿ ಪಿಕೊಲೊನನ್ನು ಜೊತೆಗೆ ಕರೆದೊಯ್ಯಬೇಕೇ ಬೇಡವೇ? ಮೂಲದಲ್ಲಿ ಗೋಕುವಿನ ಮೊದಲ ಸಾವಿಗೆ ದಾರಿಯಾದ ಆ ಕಾಳಗ ಇಲ್ಲಿ ಬೇರೆ ತಿರುವು ಪಡೆಯಬಹುದು.

ಬದಲಾಗದ ದನಿ

ರೂಪ ಇಷ್ಟು ಬದಲಾದರೂ ಜಪಾನೀ ಆಟಗಳಲ್ಲಿ ಗೋಕುವಿನ ದನಿ ಒಂದೇ. ಅದು 1936ರಲ್ಲಿ ಹುಟ್ಟಿದ ಮಸಾಕೊ ನೊಝಾವಾ ಅವರದು. ಬಾಲಕ ಗೋಕು, ಬೆಳೆದ ಗೋಕು, ಅವನ ಮಕ್ಕಳಾದ ಗೊಹಾನ್ ಮತ್ತು ಗೊತೆನ್, ಎಲ್ಲರ ಬಾಯಲ್ಲೂ ಆಡುವವರು ಈ ಹಿರಿಯ ಕಲಾವಿದೆ. ವಿಡಿಯೊ ಗೇಮ್‌ನಲ್ಲಿ ಒಂದೇ ಪಾತ್ರಕ್ಕೆ ಅತಿ ದೀರ್ಘ ಕಾಲ ದನಿ ಕೊಟ್ಟದ್ದಕ್ಕಾಗಿ 2017ರಲ್ಲಿ ಅವರಿಗೆ ಗಿನ್ನೆಸ್ ದಾಖಲೆಯ ಗೌರವ ಸಂದಿತು. ಅಪ್ಪ, ಮಗ ಎದುರುಬದುರಾಗುವ ಪಂದ್ಯದಲ್ಲಿ ಎರಡೂ ಕಡೆಯ ಕೂಗು ಒಬ್ಬರದೇ ಗಂಟಲಿನದು. ಹೀಗಿದ್ದರೂ ಯಾರ ಕೂಗು ಯಾವುದೆಂದು ತಿಳಿಯುತ್ತದೆ. ಅದು ಅವರ ಕಲೆ.

ಮನೆಯವರು ತಿಳಿದಿರಬೇಕಾದ್ದು

ಒಂದು ಎಚ್ಚರಿಕೆಯನ್ನೂ ಹೇಳಲೇಬೇಕು. ಗೋಕುವಿನ ರೂಪ ಹೆಚ್ಚಿದಷ್ಟೂ ಮಾರುವ ಸರಕು ಹೆಚ್ಚುತ್ತದೆ. ಪೂರ್ತಿ ಬೆಲೆ ಕೊಟ್ಟು ಕೊಂಡ ಆಟದಲ್ಲೂ ಕೆಲವು ಗೋಕುಗಳಿಗೆ ಪ್ರತ್ಯೇಕ ದುಡ್ಡು ತೆರಬೇಕು. 2015ರ ‘ಡೊಕ್ಕಾನ್ ಬ್ಯಾಟಲ್’, 2018ರ ‘ಡ್ರ್ಯಾಗನ್ ಬಾಲ್ ಲೆಜೆಂಡ್ಸ್’ ಮೊಬೈಲಿನಲ್ಲಿ ಉಚಿತವಾಗಿ ಸಿಗುತ್ತವೆ. ಆದರೆ ಅಲ್ಲಿ ಬೇಕಾದ ಗೋಕು ಸಿಗುವುದು ಲಾಟರಿಯ ರೀತಿಯಲ್ಲಿ. ಹರಳುಗಳನ್ನು ಕೊಟ್ಟು ಚೀಟಿ ಎತ್ತಬೇಕು, ಅಪರೂಪದ ರೂಪ ಬರುವ ಸಂಭವ ತೀರ ಕಡಿಮೆ, ಹರಳು ಮುಗಿದರೆ ದುಡ್ಡಿಗೆ ಕೊಳ್ಳಬಹುದು. ಮಗುವಿನ ಕೈಗೆ ಫೋನ್ ಕೊಡುವ ಮೊದಲು ಅದರಲ್ಲಿ ಹಣ ಪಾವತಿಯ ದಾರಿಗೆ ಬೀಗ ಹಾಕಿಡುವುದು ಒಳ್ಳೆಯದು. ಗೋಕು ತನ್ನ ಬಲವನ್ನು ಅಭ್ಯಾಸದಿಂದ ಗಳಿಸಿದವನು. ಅದನ್ನು ಚೀಟಿ ಎತ್ತಿ ಗಳಿಸು ಎಂದು ಮಕ್ಕಳಿಗೆ ಹೇಳುವುದು ಆ ಪಾತ್ರಕ್ಕೇ ಮಾಡುವ ಅನ್ಯಾಯ ಎಂದು ನನಗನ್ನಿಸುತ್ತದೆ.

ಸೋಲು ಕಲಿಸುವ ನಾಯಕ

ತೊರಿಯಾಮಾ 2024ರ ಮಾರ್ಚ್ 1ರಂದು ತೀರಿಕೊಂಡರು. ಕಾಮಿಕ್ಸ್ ಜೊತೆಗೆ ‘ಡ್ರ್ಯಾಗನ್ ಕ್ವೆಸ್ಟ್’, ‘ಕ್ರೋನೊ ಟ್ರಿಗರ್’ ಆಟಗಳ ಪಾತ್ರಗಳನ್ನೂ ಚಿತ್ರಿಸಿದ್ದ ಅವರಿಗೆ ಆಟಗಳ ಲೋಕ ಹೊರಗಿನದಾಗಿರಲಿಲ್ಲ. ಫೈಟರ್‌ಝೀಯ ‘ಆ್ಯಂಡ್ರಾಯ್ಡ್ 21’ ಪಾತ್ರಕ್ಕೂ ರೂಪ ಕೊಟ್ಟವರು ಅವರೇ.

ಅವರು ಬರೆದ ಮೂಲ ಕಥೆಯಲ್ಲಿ ಎಲ್ಲಕ್ಕಿಂತ ಮುಖ್ಯವಾದ ಒಂದು ಸಂಗತಿ ಬಹಳ ಜನಕ್ಕೆ ಮರೆತೇಹೋಗಿದೆ. ಬಾಲಕ ಗೋಕು ಮೊದಲ ಸಲ ಸಮರಕಲೆ ಪಂದ್ಯಾವಳಿಯ ಅಂತಿಮ ಸುತ್ತಿಗೆ ಬಂದಾಗ ಸೋತ. ವೇಷ ಮರೆಸಿಕೊಂಡು ಬಂದು ಅವನನ್ನು ಸೋಲಿಸಿದವನು ಅವನ ಗುರುವೇ. ತಮಗಿಂತ ಬಲಶಾಲಿಗಳು ಲೋಕದಲ್ಲಿ ಇದ್ದೇ ಇರುತ್ತಾರೆಂದು ಶಿಷ್ಯರು ತಿಳಿಯಲಿ ಎಂಬುದು ಗುರುವಿನ ಆಸೆ. ಎರಡನೆಯ ಪಂದ್ಯಾವಳಿಯ ಅಂತಿಮ ಸುತ್ತಿನಲ್ಲೂ ಗೋಕು ಸೋತ. ಪ್ರಶಸ್ತಿ ಸಿಕ್ಕಿದ್ದು ಮೂರನೆಯ ಸಲ. ಪ್ರತಿ ಸೋಲಿನ ನಂತರ ಅವನು ಮಾಡಿದ್ದು ಒಂದೇ ಕೆಲಸ: ಹಿಗ್ಗಿನಿಂದ ಮತ್ತೆ ಅಭ್ಯಾಸಕ್ಕೆ ಹೊರಟದ್ದು.

2018ರಲ್ಲಿ ಲಾಸ್ ವೇಗಸ್‌ನ ಇವೊ ಪಂದ್ಯಾವಳಿಯ ಫೈಟರ್‌ಝೀ ಅಂತಿಮ ಹಣಾಹಣಿಯಲ್ಲಿ ಜಪಾನಿನ ಆಟಗಾರ ಗೊ-ಇಚಿ ಅಮೆರಿಕದ ಸೋನಿಕ್‌ಫಾಕ್ಸ್ ಎದುರು ಸೋತರು. ಮರುವರ್ಷ ಅದೇ ಕಣದಲ್ಲಿ ಅದೇ ಇಬ್ಬರು ಮತ್ತೆ ಎದುರಾದರು, ಈ ಸಲ ಗೊ-ಇಚಿ ಗೆದ್ದರು. ತೊರಿಯಾಮಾ ಕಥೆಯಲ್ಲಿ ಬರೆದದ್ದನ್ನು ಅವರು ಬದುಕಿ ತೋರಿಸಿದರು.

ಆದ್ದರಿಂದ ಆಟಗಳು ಗೋಕುವನ್ನು ಕುಗ್ಗಿಸಿದವು ಎಂಬ ಅಭಿಮಾನಿಗಳ ದೂರನ್ನು ನಾನು ಒಪ್ಪುವುದಿಲ್ಲ. ಟಿವಿಯ ಗೋಕು ಸೋತು, ಅಭ್ಯಾಸ ಮಾಡಿ, ಮೇಲೇಳುವುದನ್ನು ನಾವು ಬರೀ ನೋಡುತ್ತೇವೆ. ಕೈಗೆ ಕಂಟ್ರೋಲರ್ ಬಂದಾಗ ಸೋಲುವವರು ನಾವು, ಗುಂಡಿಗಳ ವರಸೆಯನ್ನು ಸಾವಿರ ಸಲ ತಿದ್ದಿಕೊಳ್ಳುವವರೂ ನಾವು. ಅವನು ಗುರುವಿನಿಂದ ಕಲಿತ ಪಾಠವನ್ನು ಈ ಆಟಗಳು ನಮ್ಮ ಬೆರಳಿಗೆ ಕಲಿಸುತ್ತವೆ. ನಿಮ್ಮ ಮನೆಯ ಮಗು ಈ ಆಟದಲ್ಲಿ ಸೋತು ಸಿಟ್ಟಾದರೆ ಕಂಟ್ರೋಲರ್ ಕಿತ್ತುಕೊಳ್ಳಬೇಡಿ. ಗೋಕುವೂ ಮೊದಲೆರಡು ಸಲ ಸೋತಿದ್ದ ಎಂದು ಹೇಳಿ, ಇನ್ನೊಂದು ಪಂದ್ಯಕ್ಕೆ ನೀವೇ ಜೊತೆಗೆ ಕೂತುಕೊಳ್ಳಿ.